ತೆರೆಯ ಮೇಲಿನ ಮೃಗಕಥೆ: ಕಂಡದ್ದೆಷ್ಟು, ಹೆಣೆದದ್ದೆಷ್ಟು?

(ಶಾಲಾ ವಾರ್ಷಿಕೋತ್ಸವದಲ್ಲಿ ಮಾಡಿದ ಭಾಷಣ)



ಮನೆಮಂದಿಯೆಲ್ಲರೂ ಒಟ್ಟಿಗೆ ಕುಳಿತು ನೋಡಬಹುದಾದ ಚಲಚ್ಚಿತ್ರಗಳು ವಿರಳವೆಂದು ತಂದೆತಾಯಿಗಳು ಹೇಳುವುದುಂಟು. ವನ್ಯಮೃಗಗಳ ಚಿತ್ರಗಳಿಗೆ ಈ ದೂರು ತಟ್ಟದು. ಅವುಗಳಲ್ಲಿ ವಿದ್ಯೆಯೂ ಉಂಟು, ವಿನೋದವೂ ಉಂಟು. ಆದರೆ ಈ ಚಿತ್ರಗಳಲ್ಲಿ ಒಂದು ಬಗೆಯುಂಟು: ಅಲ್ಲಿ ಮೃಗಗಳು ನಿಜವಾದವು, ಕಥೆಯು ಮಾತ್ರ ಕಲ್ಪಿತವಾದುದು. ಅಂತಹ ಚಿತ್ರಗಳನ್ನು ನೋಡುವ ಬಗೆ ಯಾವುದೆಂಬುದನ್ನು ಕುರಿತು ನಾಲ್ಕು ಮಾತುಗಳನ್ನು ತಮ್ಮ ಮುಂದಿಡಲು ಬಯಸುತ್ತೇವೆ.

ಉದಾಹರಣೆಗೆ 2007ರಲ್ಲಿ ಹೊರಬಂದ 'ಆರ್ಕ್ಟಿಕ್ ಟೇಲ್' ಎಂಬ ಚಿತ್ರವನ್ನು ತೆಗೆದುಕೊಳ್ಳೋಣ. ಆಡಮ್ ರಾವೆಚ್ ಮತ್ತು ಸಾರಾ ರಾಬರ್ಟ್ಸನ್ ಎಂಬ ದಂಪತಿಗಳು ಉತ್ತರಧ್ರುವ ಪ್ರದೇಶದ ಹಿಮದಲ್ಲಿಯೂ ನೀರಿನಲ್ಲಿಯೂ ಅನೇಕ ವರ್ಷಗಳ ಕಾಲ ಶ್ರಮಪಟ್ಟು ಇದನ್ನು ಸಿದ್ಧಗೊಳಿಸಿದರು. ಕಥೆಯ ನಾಯಕಿಯರು ಇಬ್ಬರು. ಒಬ್ಬಳು ನನೂ ಎಂಬ ಹಿಮಕರಡಿಯ ಮರಿ. ಇನ್ನೊಬ್ಬಳು ಸೀಲಾ ಎಂಬ ವಾಲ್ರಸ್ ಮರಿ. ವಾಲ್ರಸ್ ಎಂಬುದು ಆ ಶೀತಲ ಕಡಲಿನಲ್ಲಿ ವಾಸಿಸುವ, ಎರಡು ಉದ್ದವಾದ ಕೋರೆಗಳುಳ್ಳ ದೊಡ್ಡ ಪ್ರಾಣಿ. ನನೂವಿನ ಒಡಹುಟ್ಟಿದ ಮರಿ ಹಸಿವಿನಿಂದಲೂ ಚಳಿಯಿಂದಲೂ ಸಾಯುತ್ತದೆ. ಸೀಲಾಳನ್ನು ಅವಳ ತಾಯಿಯೊಡನೆ ಒಬ್ಬ 'ಚಿಕ್ಕಮ್ಮ'ನೂ ಸಾಕಿ ಸಲಹುತ್ತಾಳೆ. ಕಡೆಗೆ ಇಬ್ಬರೂ ಬೆಳೆದು ತಾವೇ ತಾಯಂದಿರಾಗುತ್ತಾರೆ. ನೋಡುವ ಮಕ್ಕಳು ನಗುವರು, ಕಣ್ಣೀರಿಡುವರು.

ಆದರೆ ನನೂ ಎಂಬ ಒಂದೇ ಕರಡಿಯಾಗಲಿ, ಸೀಲಾ ಎಂಬ ಒಂದೇ ವಾಲ್ರಸ್ ಆಗಲಿ ಇರಲಿಲ್ಲ. ಬೇರೆ ಬೇರೆ ಕಾಲದಲ್ಲಿ ತೆಗೆದ ಬೇರೆ ಬೇರೆ ಪ್ರಾಣಿಗಳ ಚಿತ್ರಗಳನ್ನು ಕೂಡಿಸಿ ಒಂದು ಬಾಳಿನ ಕಥೆಯನ್ನಾಗಿ ಹೆಣೆದಿದ್ದಾರೆ. ಹೆಸರಿಟ್ಟವರೂ ಮಾತು ಹೇಳಿಸಿದವರೂ ಮನುಷ್ಯರು. ಮರಿಯು ತಲೆ ತಗ್ಗಿಸಿ ಮಲಗಿದ್ದನ್ನು ಕ್ಯಾಮರಾ ಕಂಡಿತು. ಅದು ತನ್ನ ಒಡಹುಟ್ಟನ್ನು ನೆನೆದು ದುಃಖಿಸುತ್ತಿದೆ ಎಂದವನು ಕಥೆಗಾರ.

ಇದರಲ್ಲಿ ತಪ್ಪೇನು? ನಮ್ಮ ಹಿರಿಯರೂ ಮೃಗಗಳಿಂದ ಮಾತನಾಡಿಸಲಿಲ್ಲವೇ ಎಂದು ಕೇಳಬಹುದು. ಯುಕ್ತವಾದ ಪ್ರಶ್ನೆಯೇ ಸರಿ. ದುರ್ಗಸಿಂಹನ ಪಂಚತಂತ್ರದಲ್ಲಿ ನರಿಯು ನೀತಿಯನ್ನಾಡುತ್ತದೆ. ಪುಣ್ಯಕೋಟಿಯ ಕಥೆಯಲ್ಲಿ ಹುಲಿಯು ಪಶ್ಚಾತ್ತಾಪದಿಂದ ಪ್ರಾಣ ಬಿಡುತ್ತದೆ. ಅದನ್ನು ಕೇಳಿ ಅಳುವ ಮಗುವೂ ಕಾಡಿನ ಹುಲಿ ಹಾಗೆ ಮಾಡುವುದೆಂದು ನಂಬುವುದಿಲ್ಲ. ಮೃಗವು ಮಾತನಾಡಿದೊಡನೆಯೇ ಇದು ಕಥೆಯೆಂಬ ಸೂಚನೆ ದೊರೆಯುತ್ತದೆ. ತೆರೆಯ ಮೇಲಾದರೋ ನಿಜವಾದ ಕರಡಿ ನಿಜವಾದ ಹಿಮದ ಮೇಲೆ ನಡೆಯುತ್ತದೆ. ಕಣ್ಣಾರೆ ಕಂಡದ್ದನ್ನು ಸಂದೇಹಿಸುವುದು ದೊಡ್ಡವರಿಗೇ ಕಷ್ಟ, ಮಕ್ಕಳ ಪಾಡೇನು?

ಇದರಿಂದ ಒದಗಿದ ಹಾನಿಗೆ ಒಂದು ನಿದರ್ಶನವುಂಟು. 1958ರಲ್ಲಿ ಡಿಸ್ನಿ ಸಂಸ್ಥೆಯವರು 'ವೈಟ್ ವೈಲ್ಡರ್ನೆಸ್' ಎಂಬ ಚಿತ್ರವನ್ನು ಹೊರತಂದರು. ಅದಕ್ಕೆ ಸಾಕ್ಷ್ಯಚಿತ್ರದ ಆಸ್ಕರ್ ಪ್ರಶಸ್ತಿಯೂ ಲಭಿಸಿತು. ಲೆಮಿಂಗ್ ಎಂಬ ಇಲಿಯಂತಹ ಸಣ್ಣ ಪ್ರಾಣಿಗಳು ಗುಂಪುಗುಂಪಾಗಿ ಬಂಡೆಯ ಅಂಚಿನಿಂದ ಕಡಲಿಗೆ ಹಾರಿ ಸಾಯುವುದನ್ನು ಅದರಲ್ಲಿ ತೋರಿಸಿದರು. 1980ರ ದಶಕದ ಆರಂಭದಲ್ಲಿ ಕೆನಡಾ ದೇಶದ ದೂರದರ್ಶನದ ವರದಿಗಾರರು ಇದರ ಮೂಲವನ್ನು ಶೋಧಿಸಿದರು. ಚಿತ್ರ ತೆಗೆದದ್ದು ಕಡಲೇ ಇಲ್ಲದ ಆಲ್ಬರ್ಟಾ ಪ್ರಾಂತದಲ್ಲಿ. ಪ್ರಾಣಿಗಳನ್ನು ಬೇರೆಡೆಯಿಂದ ತರಿಸಿ, ನದಿಯ ದಡದ ಮೇಲಿನಿಂದ ಕೆಳಕ್ಕೆ ದೂಡಲಾಗಿತ್ತು. ಲೆಮಿಂಗ್‌ಗಳ ಸಂಖ್ಯೆ ಕೆಲವು ವರ್ಷಗಳಿಗೊಮ್ಮೆ ಮಿತಿಮೀರಿ ಹೆಚ್ಚುವುದೂ, ಆಗ ಅವು ಹೊಸ ನೆಲೆಯನ್ನರಸಿ ಹೊರಡುವುದೂ, ನೀರು ದಾಟುವಾಗ ಕೆಲವು ಮುಳುಗುವುದೂ ನಿಜ. ಆತ್ಮಹತ್ಯೆಯ ಮಾತು ಮಾತ್ರ ಸುಳ್ಳು. ಆದರೂ ಆ ಸುಳ್ಳು ಲೋಕದ ಮಕ್ಕಳ ಮನಸ್ಸಿನಲ್ಲಿ ಬಹುಕಾಲ ಬೇರೂರಿ ನಿಂತಿತು.

ಹಾಗೆಂದು ಎಲ್ಲ ಚಿತ್ರಗಳನ್ನೂ ಒಂದೇ ತಕ್ಕಡಿಯಲ್ಲಿ ತೂಗುವುದು ನ್ಯಾಯವಲ್ಲ. 'ಆರ್ಕ್ಟಿಕ್ ಟೇಲ್' ಚಿತ್ರದಲ್ಲಿ ಕಲ್ಪನೆಯ ಅಡಿಯಲ್ಲಿ ಗಟ್ಟಿಯಾದ ಸತ್ಯವಿದೆ. ಹುಟ್ಟಿದಾಗ ಕಿಲೋಗ್ರಾಮಿಗಿಂತಲೂ ಕಡಿಮೆ ತೂಗುವ ಹಿಮಕರಡಿಯ ಮರಿಯು ಹಿಮದ ಗುಹೆಯಲ್ಲಿ ತಾಯಿಯ ಹಾಲು ಕುಡಿದು ಬೆಳೆಯುವುದು ಸತ್ಯ. ತಾಯಿಯು ಹಿಮಗಡ್ಡೆಯ ರಂಧ್ರದ ಬಳಿ ಕಾದು ಕುಳಿತು, ಉಸಿರಾಡಲು ಬರುವ ಸೀಲ್ ಪ್ರಾಣಿಯನ್ನು ಹಿಡಿಯುವುದು ಸತ್ಯ. ವಾಲ್ರಸ್ ತಾಯಿಯು ಮರಿಯನ್ನು ಎರಡು ವರ್ಷ ಅಥವಾ ಅದಕ್ಕೂ ಹೆಚ್ಚು ಕಾಲ ಸಲಹುವುದು ಸತ್ಯ. ಎಲ್ಲಕ್ಕಿಂತ ಮಿಗಿಲಾಗಿ, ಇವುಗಳ ಕಾಲಡಿಯ ಹಿಮವೇ ಕರಗುತ್ತಿರುವುದು ಸತ್ಯ. 1980ರ ಸುಮಾರಿಗೆ ಸೆಪ್ಟೆಂಬರ್ ತಿಂಗಳಿನಲ್ಲಿ ಅಲ್ಲಿನ ಕಡಲಹಿಮವು ಸುಮಾರು 70 ಲಕ್ಷ ಚದರ ಕಿಲೋಮೀಟರುಗಳಷ್ಟು ಹರಡಿತ್ತು. 2012ರಲ್ಲಿ ಅದು ಸುಮಾರು 34 ಲಕ್ಷಕ್ಕೆ ಇಳಿಯಿತು. ಸೀಲ್ ಹಿಡಿಯಲು ಹಿಮವಿಲ್ಲದಿದ್ದರೆ ಕರಡಿಗೆ ಅನ್ನವಿಲ್ಲ.

ಆದುದರಿಂದಲೇ ನಾವು ವಿವೇಕವನ್ನು ಬೇಡುತ್ತಿದ್ದೇವೆ. ಹೆಣೆದ ಕಥೆಯನ್ನು ನಿಜವೆಂದು ನಂಬಿದ ಮಗು, ಮುಂದೊಂದು ದಿನ ಅದು ಕಲ್ಪಿತವೆಂದು ತಿಳಿದಾಗ, ಕರಗುವ ಹಿಮವೂ ಕಲ್ಪಿತವೆಂದು ತಳ್ಳಿಹಾಕಬಹುದು. ಸುಳ್ಳಿನ ಸಹವಾಸದಿಂದ ಸತ್ಯಕ್ಕೂ ಅಪವಾದ ಬಂದೀತು.

ಪೋಷಕರಲ್ಲಿ ನಮ್ಮ ವಿನಂತಿ ಇಷ್ಟೇ. ಗಡಿನಾಡಿನ ನಮ್ಮ ಮಕ್ಕಳು ಇಂತಹ ಚಿತ್ರಗಳನ್ನು ಬಹುಮಟ್ಟಿಗೆ ಪರಭಾಷೆಯಲ್ಲಿಯೇ ನೋಡುತ್ತಾರೆ. ನೋಡಿ ಮುಗಿದ ಮೇಲೆ, ಕಂಡ ಕಥೆಯನ್ನು ಮನೆಯಲ್ಲಿ ಕನ್ನಡದಲ್ಲಿ ಹೇಳಿಸಿರಿ. ಆಮೇಲೆ ಎರಡು ಪ್ರಶ್ನೆಗಳನ್ನು ಕೇಳಿರಿ: ಪ್ರಾಣಿಯು ಏನು ಮಾಡಿದ್ದನ್ನು ನೀನು ಕಂಡೆ? ಅದರ ಮನಸ್ಸಿನಲ್ಲಿ ಏನಿತ್ತೆಂದು ನಿನಗೆ ಹೇಳಿದವರು ಯಾರು? ಇದರಿಂದ ಮಗುವಿನ ಭಾಷೆಯೂ ಬೆಳೆಯುವುದು, ಬುದ್ಧಿಯೂ ಹರಿತವಾಗುವುದು.

ವಿದ್ಯಾರ್ಥಿಗಳೇ, ಕಥೆಗೆ ಕಣ್ಣೀರು ಸುರಿಸಲು ನಾಚಬೇಡಿರಿ. ಕಣ್ಣೊರಸಿಕೊಂಡ ಬಳಿಕ ಒಮ್ಮೆ ವಿಚಾರಿಸಿರಿ. ನಿಮ್ಮ ಹಿತ್ತಲಿನ ಅಳಿಲನ್ನೋ ಗುಬ್ಬಿಯನ್ನೋ ಒಂದು ವಾರ ನೋಡಿ, ಕಂಡದ್ದನ್ನಷ್ಟೇ ಪುಸ್ತಕದಲ್ಲಿ ಬರೆಯಿರಿ. ನಿಜವು ಕಥೆಗಿಂತ ಕಡಿಮೆ ಸ್ವಾರಸ್ಯದ್ದಲ್ಲವೆಂಬುದು ನಿಮಗೇ ಮನವರಿಕೆಯಾಗುವುದು.