ಪ್ರಾಚೀನ ರೋಮಿನ ದೇವ-ದೇವತೆಯರು

(ಬ್ರಹ್ಮಕಲಶೋತ್ಸವದ ಧಾರ್ಮಿಕ ಸಭೆಯಲ್ಲಿ ಕ್ಷೇತ್ರದ ಮೊಕ್ತೇಸರರೊಬ್ಬರು ಮಾಡಿದ ಭಾಷಣದ ಬರಹರೂಪ)



ಎಸ್.ಎಸ್.ಎಲ್.ಸಿ.ವರೆಗೆ ಓದಿ, ಆಮೇಲೆ ತಕ್ಕಡಿ ಹಿಡಿದು ಅಂಗಡಿಯಲ್ಲಿ ಕುಳಿತ ನನ್ನಂಥವನಿಗೆ ಈ ಪುಣ್ಯ ಸಭೆಯಲ್ಲಿ ನಾಲ್ಕು ಮಾತಾಡಲು ಸಮಿತಿಯವರು ಅವಕಾಶ ಕೊಟ್ಟಿದ್ದಾರೆ. ಅವರಿಗೆ ವಂದನೆಗಳು. ವೇದ, ಪುರಾಣಗಳ ವಿಚಾರ ಹೇಳಲು ಇಲ್ಲಿ ವಿದ್ವಾಂಸರಿದ್ದಾರೆ. ಅವರ ಮುಂದೆ ನಾನು ಅದನ್ನೇ ಹೇಳಹೊರಟರೆ ಸಮುದ್ರಕ್ಕೆ ಉಪ್ಪು ಹೊತ್ತ ಹಾಗಾದೀತು. ಆದ್ದರಿಂದ ದೂರದ ರೋಮ್ ಪಟ್ಟಣದಲ್ಲಿ ಹಿಂದಿನ ಕಾಲದವರು ಪೂಜಿಸುತ್ತಿದ್ದ ದೇವ-ದೇವತೆಯರ ಬಗ್ಗೆ ನಾನು ಓದಿ ತಿಳಿದುಕೊಂಡದ್ದನ್ನು ನಿಮ್ಮ ಮುಂದಿಡುತ್ತೇನೆ.

ಬ್ರಹ್ಮಕಲಶದ ಸಭೆಯಲ್ಲಿ ರೋಮಿನ ದೇವರೇಕೆ ಎಂದು ಯಾರಾದರೂ ಕೇಳಬಹುದು. ಅದಕ್ಕೆ ಎರಡು ಕಾರಣಗಳಿವೆ. ಒಂದನೆಯದು, ಆ ದೇವರುಗಳ ಹೆಸರು ನಮಗೆ ತಿಳಿಯದಂತೆಯೇ ನಮ್ಮ ಬಾಯಲ್ಲಿ ದಿನವೂ ಬರುತ್ತಿದೆ. ಎರಡನೆಯದು, ಸಾವಿರಕ್ಕೂ ಮಿಕ್ಕಿದ ವರ್ಷ ನಡೆದ ಅವರ ಪೂಜೆ ಹೇಗೆ ನಿಂತುಹೋಯಿತು ಎಂಬುದು ದೇವಸ್ಥಾನ ನಡೆಸುವವರೆಲ್ಲರೂ ತಿಳಿದಿರಬೇಕಾದ ಸಂಗತಿ.

ಮೊದಲು ಹೆಸರಿನ ವಿಚಾರ. ಮನೆಯ ಗೋಡೆಯಲ್ಲಿ ತೂಗುವ ಕ್ಯಾಲೆಂಡರ್ ನೋಡಿ. ಜನವರಿ ಎಂಬುದು ಜಾನಸ್ ದೇವರ ತಿಂಗಳು. ಮಾರ್ಚ್ ಎಂಬುದು ಯುದ್ಧದೇವತೆ ಮಾರ್ಸನ ತಿಂಗಳು. ಜೂನ್ ಎಂಬ ಹೆಸರು ದೇವರಾಣಿ ಜೂನೋ ಇವಳಿಂದ ಬಂತೆನ್ನುತ್ತಾರೆ. ಜುಲೈ ಮತ್ತು ಆಗಸ್ಟ್ ಮಾತ್ರ ಮನುಷ್ಯರ ಹೆಸರುಗಳು. ಜೂಲಿಯಸ್ ಸೀಸರ್ ಮತ್ತು ಅಗಸ್ಟಸ್. ಸತ್ತ ಮೇಲೆ ಅವರನ್ನೂ ದೇವರೆಂದು ಸಾರಿ ಗುಡಿ ಕಟ್ಟಿದರು. ಇನ್ನು ವಾರಗಳು. ನಮ್ಮ ರವಿ, ಸೋಮ, ಮಂಗಳ, ಬುಧ, ಗುರು, ಶುಕ್ರ, ಶನಿ ಇದ್ದಂತೆಯೇ ರೋಮನರಲ್ಲಿ ಸೂರ್ಯ, ಚಂದ್ರ, ಮಾರ್ಸ್, ಮರ್ಕ್ಯುರಿ, ಜೂಪಿಟರ್, ವೀನಸ್, ಸ್ಯಾಟರ್ನ್ ಎಂದು ಏಳು ದಿನ. ಕ್ರಮವೂ ಅದೇ, ಗ್ರಹಗಳೂ ಅವೇ.

ರೋಮ್ ನಮಗೆ ಅಷ್ಟು ದೂರದ ಊರೂ ಅಲ್ಲ. ಎರಡು ಸಾವಿರ ವರ್ಷದ ಹಿಂದೆ ನಮ್ಮ ಕರಾವಳಿಯ ಒಳ್ಳೆಮೆಣಸು ಕೊಳ್ಳಲು ಅವರ ಹಡಗುಗಳು ಕೊಡುಂಗಲ್ಲೂರಿನ ಕಡೆ ಇದ್ದ ಮುಸಿರಿಸ್ ಬಂದರಿಗೆ ಬರುತ್ತಿದ್ದವು. ರೋಮನರ ಒಂದು ಹಳೆಯ ನಕ್ಷೆಯಲ್ಲಿ ಈ ಮುಸಿರಿಸಿನ ಪಕ್ಕದಲ್ಲಿ 'ಅಗಸ್ಟಸನ ಗುಡಿ' ಎಂದು ಗುರುತು ಹಾಕಿದೆ. ಕಣ್ಣೂರಿನ ಹತ್ತಿರದ ಕೋಟ್ಟಯಂ ಎಂಬಲ್ಲಿ 1847ರಲ್ಲಿ ನೂರಾರು ರೋಮನ್ ಚಿನ್ನದ ನಾಣ್ಯಗಳು ಮಣ್ಣಿನಡಿ ಸಿಕ್ಕಿದವು. ಚಿತ್ರದುರ್ಗದ ಚಂದ್ರವಳ್ಳಿಯಲ್ಲೂ ಅವರ ಬೆಳ್ಳಿ ನಾಣ್ಯ ದೊರೆತಿದೆ. ಅಲ್ಲಿಂದ ನಾಣ್ಯ ಬಂದ ಹಾಗೆ ಇಲ್ಲಿಂದ ವಿಗ್ರಹವೂ ಹೋಗಿದೆ. ಕ್ರಿ.ಶ. 79ರಲ್ಲಿ ಜ್ವಾಲಾಮುಖಿಯ ಬೂದಿಯಲ್ಲಿ ಮುಚ್ಚಿಹೋದ ಪೊಂಪೆ ಪಟ್ಟಣವನ್ನು ಅಗೆಯುವಾಗ 1938ರಲ್ಲಿ ಭಾರತದ ದಂತದ ಪುಟ್ಟ ಸ್ತ್ರೀ ವಿಗ್ರಹವೊಂದು ಸಿಕ್ಕಿತು. ಅದನ್ನು ಲಕ್ಷ್ಮಿ ಎಂದರು. ಯಕ್ಷಿ ಎನ್ನುವವರೂ ಇದ್ದಾರೆ. ಈಗ ಅದು ನೇಪಲ್ಸ್ ನಗರದ ವಸ್ತುಸಂಗ್ರಹಾಲಯದಲ್ಲಿದೆ.

ರೋಮನರ ದೇವರುಗಳಲ್ಲಿ ಎಲ್ಲರಿಗಿಂತ ದೊಡ್ಡವನು ಜೂಪಿಟರ್. ಆಕಾಶ, ಗುಡುಗು, ಸಿಡಿಲು ಅವನವು. ಹದ್ದು ಅವನ ಪಕ್ಷಿ. ಋಗ್ವೇದದಲ್ಲಿ ಆಕಾಶವನ್ನು ತಂದೆಯೆಂದು ಕರೆಯುವ 'ದ್ಯೌಃ ಪಿತಾ' ಎಂಬ ಮಾತಿದೆಯಲ್ಲ, ಜೂಪಿಟರ್ ಎಂಬ ಹೆಸರೂ ಅದೇ ಬೇರಿನಿಂದ ಹುಟ್ಟಿದ್ದೆಂದು ಭಾಷಾ ಪಂಡಿತರು ತೋರಿಸಿಕೊಟ್ಟಿದ್ದಾರೆ. ನಮ್ಮ 'ದೇವ' ಅವರಲ್ಲಿ 'ದೇಉಸ್'. ನಮ್ಮ 'ಅಗ್ನಿ' ಅವರಲ್ಲಿ 'ಇಗ್ನಿಸ್'. ರೋಮಿನ ಕ್ಯಾಪಿಟಲ್ ಗುಡ್ಡದ ಮೇಲೆ ಜೂಪಿಟರನ ಮಹಾದೇವಾಲಯವಿತ್ತು. ಕ್ರಿ.ಪೂ. 509ರಲ್ಲಿ ಅದರ ಪ್ರತಿಷ್ಠೆಯಾಯಿತೆಂದು ಅವರ ನಂಬಿಕೆ. ಅದರೊಳಗೆ ಮೂರು ಗರ್ಭಗುಡಿಗಳು. ನಡುವೆ ಜೂಪಿಟರ್, ಇಕ್ಕೆಲಗಳಲ್ಲಿ ಅವನ ಪತ್ನಿ ಜೂನೋ ಮತ್ತು ಮಗಳು ಮಿನರ್ವಾ. ಯುದ್ಧ ಗೆದ್ದು ಬಂದ ಸೇನಾಪತಿಯ ಮೆರವಣಿಗೆ ಈ ಗುಡಿಯ ಮುಂದೆ ಮುಗಿಯುತ್ತಿತ್ತು.

ಜೂನೋ ಮುತ್ತೈದೆಯರ ದೇವತೆ. ಮದುವೆ, ಹೆರಿಗೆ ಅವಳ ರಕ್ಷಣೆಯಲ್ಲಿ. ಅವಳಿಗೆ 'ಮೊನೇಟಾ' ಎಂಬ ಇನ್ನೊಂದು ಹೆಸರೂ ಇತ್ತು. ಆ ಹೆಸರಿನ ಗುಡಿಯ ಬಳಿಯಲ್ಲೇ ರೋಮನರ ಟಂಕಸಾಲೆ ಇದ್ದುದರಿಂದ ಇಂಗ್ಲಿಷಿನ 'ಮನಿ' ಎಂಬ ಶಬ್ದ ಹುಟ್ಟಿತು. ನಾವು ಅಂಗಡಿಯವರು ಬೆಳಗಿನಿಂದ ಸಂಜೆಯವರೆಗೆ ಜಪಿಸುವುದು ಆ ತಾಯಿಯ ನಾಮವನ್ನೇ ಎಂದಾಯಿತು!

ಮಿನರ್ವಾ ವಿದ್ಯೆ, ಕೈಕಸುಬುಗಳ ದೇವತೆ. ಮಾರ್ಚ್ 19ರಿಂದ ಅವಳ ಹಬ್ಬ. ನೇಯುವವರು, ಬಣ್ಣ ಹಾಕುವವರು, ಚಮ್ಮಾರರು, ಬಡಗಿಗಳು, ವೈದ್ಯರು, ಉಪಾಧ್ಯಾಯರು ಎಲ್ಲರೂ ಅವಳನ್ನು ಪೂಜಿಸುತ್ತಿದ್ದರು. ಶಾಲೆಯ ಮಕ್ಕಳಿಗೆ ರಜೆ. ನಮ್ಮ ನವರಾತ್ರಿಯ ಸರಸ್ವತಿ ಪೂಜೆ ಮತ್ತು ಆಯುಧಪೂಜೆ ಎರಡೂ ಸೇರಿದಂತೆ ಎಂದು ತಿಳಿದರೆ ಸಾಕು.

ಮಾರ್ಸ್ ಯುದ್ಧದ ದೇವರು. ರೋಮ್ ಕಟ್ಟಿದ ರೊಮ್ಯುಲಸನ ತಂದೆ ಅವನೆಂದು ಐತಿಹ್ಯ. ಆದರೆ ರೈತರೂ ಹೊಲಗದ್ದೆಗೆ ರೋಗ ಬಾರದಂತೆ ಅವನನ್ನೇ ಬೇಡಿಕೊಳ್ಳುತ್ತಿದ್ದರು. ಸೀರೀಸ್ ಧಾನ್ಯದ ತಾಯಿ, ಬಡಜನರಿಗೆ ಹತ್ತಿರದವಳು. ವೀನಸ್ ಸೌಂದರ್ಯದ ದೇವತೆ. ತನ್ನ ವಂಶದ ಮೂಲ ಅವಳೇ ಎಂದು ಹೇಳಿಕೊಂಡ ಜೂಲಿಯಸ್ ಸೀಸರ್ ಕ್ರಿ.ಪೂ. 46ರಲ್ಲಿ ಅವಳಿಗೆ ಗುಡಿ ಕಟ್ಟಿಸಿದ. ನೀರಿಗೆ ನೆಪ್ಚೂನ್, ಬೆಂಕಿಗೆ ವಲ್ಕನ್, ಕಾಡಿಗೆ ಡಯಾನಾ. ಸ್ಯಾಟರ್ನನ ಗುಡಿಯಲ್ಲಿ ರಾಜ್ಯದ ಬೊಕ್ಕಸವಿರುತ್ತಿತ್ತು. ಡಿಸೆಂಬರ್ 17ಕ್ಕೆ ಆರಂಭವಾಗುವ ಅವನ ಹಬ್ಬದಲ್ಲಿ ಯಜಮಾನನೇ ಆಳುಗಳಿಗೆ ಊಟ ಬಡಿಸುವ ಪದ್ಧತಿಯಿತ್ತು. ಗ್ರೀಕರ ಸಹವಾಸದಿಂದ ಅವರ ದೇವರ ಕಥೆಗಳೆಲ್ಲ ಈ ದೇವರುಗಳಿಗೆ ಸೇರಿಕೊಂಡವು. ಅಪೋಲೋ ಅಂತೂ ಗ್ರೀಕರಿಂದಲೇ ಬಂದವನು.

ವ್ಯಾಪಾರಿಗಳ ದೇವರು ಮರ್ಕ್ಯುರಿ. ಅವನ ಬಗ್ಗೆ ಎರಡು ಮಾತು ಹೆಚ್ಚು ಹೇಳಿದರೆ ಕ್ಷಮಿಸಬೇಕು, ನಾನೂ ಅದೇ ಜಾಡಿನವನು. ಕ್ರಿ.ಪೂ. 495ರಲ್ಲಿ ಅವನ ಗುಡಿ ಆಯಿತು. ಮೇ 15 ಅವನ ಹಬ್ಬ. ಆ ದಿನ ವರ್ತಕನು ಒಂದು ಪವಿತ್ರ ಬುಗ್ಗೆಯಿಂದ ನೀರು ತಂದು, ಗಿಡದ ಟೊಂಗೆಯನ್ನು ಅದರಲ್ಲಿ ಅದ್ದಿ ತನ್ನ ಸರಕಿಗೂ ತಲೆಗೂ ಚಿಮುಕಿಸಿಕೊಂಡು ಬೇಡುತ್ತಿದ್ದನಂತೆ: ಇದುವರೆಗೆ ಹೇಳಿದ ಸುಳ್ಳುಗಳನ್ನು ತೊಳೆದುಬಿಡು, ಇನ್ನು ಮುಂದೆ ಹೇಳಲಿರುವುದನ್ನೂ ತೊಳೆದುಬಿಡು ಎಂದು. ಓವಿಡ್ ಎಂಬ ಅವರ ಕವಿ ಇದನ್ನು ತಮಾಷೆಯಾಗಿ ಬರೆದಿಟ್ಟಿದ್ದಾನೆ. ನಮ್ಮ ವ್ಯಾಪಾರಿ ಬಂಧುಗಳು ನಗುವುದನ್ನು ನೋಡಿದರೆ ಆ ಪ್ರಾರ್ಥನೆ ಇಲ್ಲಿಯೂ ಪರಿಚಿತವೆಂದು ತೋರುತ್ತದೆ.

ಇಷ್ಟು ದೊಡ್ಡ ದೇವರಿದ್ದರೂ ಯಾವ ಪೂಜೆಯಲ್ಲೂ ಮೊದಲ ಹೆಸರು ಜಾನಸನದು, ನಮ್ಮಲ್ಲಿ ಗಣಪತಿಗೆ ಅಗ್ರಪೂಜೆ ಇರುವ ಹಾಗೆ. ಅವನು ಬಾಗಿಲಿನ ದೇವರು. ಒಳಗೂ ಹೊರಗೂ ನೋಡಲು ಅವನಿಗೆ ಎರಡು ಮುಖ. ಯುದ್ಧವಿರುವಾಗ ಅವನ ಗುಡಿಯ ಬಾಗಿಲು ತೆರೆದಿರಬೇಕು, ಶಾಂತಿಯಿದ್ದರೆ ಮುಚ್ಚಬೇಕು. ಅಗಸ್ಟಸನಿಗಿಂತ ಮೊದಲಿನ ಅಷ್ಟೂ ಕಾಲದಲ್ಲಿ ಅದು ಮುಚ್ಚಿದ್ದು ಎರಡೇ ಸಲ. ಎಂಥ ಯುದ್ಧಪ್ರಿಯ ಜನವೆಂದು ಇದರಿಂದಲೇ ತಿಳಿಯುತ್ತದೆ.

ಬಾಗಿಲು ದಾಟಿ ಮನೆಯೊಳಗೆ ಹೋದರೆ ಅಲ್ಲಿಯೂ ದೇವರು. ಮನೆ ಕಾಯುವವರು ಲಾರೆಸ್. ಉಗ್ರಾಣ ಕಾಯುವವರು ಪೆನಾಟೆಸ್. ಪೊಂಪೆಯ ಮನೆಗಳಲ್ಲಿ ಇವರ ಪುಟ್ಟ ಗೂಡುಗಳು ಇಂದಿಗೂ ಕಾಣಸಿಗುತ್ತವೆ. ನಾಲ್ಕು ದಾರಿ ಕೂಡುವಲ್ಲಿಯೂ ಲಾರೆಸ್ ದೇವರ ಕಟ್ಟೆಗಳಿದ್ದವು. ತರವಾಡು ಮನೆಯಲ್ಲಿ ದೈವಕ್ಕೆ ಹೂನೀರು ಇಡುವ ನಮಗೆ ಇದನ್ನು ವಿವರಿಸಿ ಹೇಳಬೇಕಾಗಿಲ್ಲ.

ಮನೆಯ ಒಲೆಯ ಬೆಂಕಿಯೇ ವೆಸ್ಟಾ ದೇವಿ. ಇಡೀ ರೋಮ್ ಪಟ್ಟಣಕ್ಕೂ ಒಂದು ಒಲೆಯಿತ್ತು, ಅದು ಪಟ್ಟಣದ ನಡುವೆ ಅವಳ ದುಂಡನೆಯ ಗುಡಿಯಲ್ಲಿ. ಅಲ್ಲಿ ವಿಗ್ರಹವಿರಲಿಲ್ಲ, ಆರದ ಬೆಂಕಿಯೇ ದೇವರು. ಅದನ್ನು ಕಾಯಲು ಆರು ಮಂದಿ ಕನ್ಯೆಯರು. ಆರರಿಂದ ಹತ್ತು ವರ್ಷದೊಳಗೆ ಅವರನ್ನು ಆರಿಸುತ್ತಿದ್ದರು. ಮೂವತ್ತು ವರ್ಷ ಬ್ರಹ್ಮಚರ್ಯದ ಸೇವೆ. ಬೆಂಕಿ ಆರಿದರೆ ಕಾವಲಿದ್ದವಳಿಗೆ ಚಾವಟಿ ಏಟು. ಮತ್ತೆ ಅದನ್ನು ಕಟ್ಟಿಗೆ ಕಡೆದೇ ಹೊತ್ತಿಸಬೇಕು, ನಮ್ಮ ಅರಣಿಯ ಹಾಗೆ.

ಪೂಜಾಕ್ರಮದಲ್ಲಿ ಅವರದು ಬಹಳ ಕಟ್ಟುನಿಟ್ಟು. ಮಂತ್ರದಂತೆ ಹೇಳುವ ಪ್ರಾರ್ಥನೆಯನ್ನು ಒಬ್ಬ ಹೇಳಿಕೊಡಬೇಕು, ತಪ್ಪಾಗದಂತೆ ಇನ್ನೊಬ್ಬ ಗಮನಿಸಬೇಕು, ಮತ್ತೊಬ್ಬ ಜನರನ್ನು ಸುಮ್ಮನಿರಿಸಬೇಕು, ಅಪಶಬ್ದ ಕಿವಿಗೆ ಬೀಳದಂತೆ ಕೊಳಲು ಊದಬೇಕು. ಲೋಪವಾದರೆ ಮೊದಲಿನಿಂದ ಪುನಃ ಮಾಡಬೇಕು. ಜೂಪಿಟರನ ಅರ್ಚಕನಿಗಂತೂ ಕುದುರೆ ಹತ್ತಬಾರದು, ಹೆಣ ಮುಟ್ಟಬಾರದು, ಬಟ್ಟೆಯಲ್ಲಿ ಗಂಟು ಇರಬಾರದು ಎಂದು ನೂರೆಂಟು ಮಡಿ. ಹರಕೆ ಹೊರುವುದು, ಕೆಲಸವಾದ ಮೇಲೆ ತೀರಿಸುವುದು ಅವರ ನಿತ್ಯದ ರೂಢಿ.

ಗಡಿನಾಡಿನವರಾದ ನಾವು ಮರೆಯಬಾರದ ದೇವರೊಬ್ಬನಿದ್ದಾನೆ. ಅವನ ಹೆಸರು ಟರ್ಮಿನಸ್. ಗಡಿಕಲ್ಲೇ ಅವನ ರೂಪ. ಜೂಪಿಟರನ ಮಹಾದೇವಾಲಯ ಕಟ್ಟುವಾಗ ಅಲ್ಲಿದ್ದ ಚಿಕ್ಕಪುಟ್ಟ ದೇವರುಗಳೆಲ್ಲ ಜಾಗ ಬಿಟ್ಟುಕೊಟ್ಟರೂ ಟರ್ಮಿನಸ್ ಅಲುಗಲಿಲ್ಲವಂತೆ. ಆ ಕಲ್ಲನ್ನು ಒಳಗಿಟ್ಟುಕೊಂಡೇ ದೇವಾಲಯ ಕಟ್ಟಿ, ಅವನಿಗೆ ಆಕಾಶ ಕಾಣಬೇಕೆಂದು ಮಾಡಿನಲ್ಲಿ ಕಿಂಡಿ ಬಿಟ್ಟರು. ಫೆಬ್ರವರಿ 23 ಅವನ ಹಬ್ಬ. ಆ ದಿನ ಗಡಿಕಲ್ಲಿನ ಆಚೆಯ ಹೊಲದವನೂ ಈಚೆಯವನೂ ಮನೆಮಂದಿಯೊಂದಿಗೆ ಬಂದು, ತಮ್ಮ ತಮ್ಮ ಕಡೆಯಿಂದ ಒಂದೊಂದು ಹೂಮಾಲೆ ಹಾಕಿ, ಒಟ್ಟಿಗೆ ಕುಳಿತು ಉಣ್ಣುತ್ತಿದ್ದರು. 1956ರ ನವೆಂಬರ್ 1ರಂದು ನಮ್ಮ ಕಾಸರಗೋಡು ಕೇರಳಕ್ಕೆ ಸೇರಿತು. ಗಡಿ ಎಂದರೆ ನಮ್ಮಲ್ಲಿ ನೋವಿನ ಮಾತು. ಆದರೂ ಗಡಿಯ ಆಚೆಯವರೂ ಈಚೆಯವರೂ, ಕನ್ನಡ, ತುಳು, ಮಲಯಾಳ ಆಡುವವರೂ ಒಂದೇ ಪಂಕ್ತಿಯಲ್ಲಿ ಕುಳಿತು ಈ ಚಪ್ಪರದಲ್ಲಿ ಪ್ರಸಾದ ಸ್ವೀಕರಿಸುತ್ತಿದ್ದೀರಿ. ಕಲ್ಲು ಅಲ್ಲೇ ಇರಲಿ, ಮಾಲೆ ಎರಡೂ ಕಡೆಯಿಂದ ಬೀಳಲಿ.

ಇನ್ನು ಈ ಪೂಜೆಗಳೆಲ್ಲ ನಿಂತ ಬಗೆ. ರೋಮಿನ ಚಕ್ರವರ್ತಿಗಳು ಕ್ರೈಸ್ತಮತ ಸ್ವೀಕರಿಸಿದರು. ಜನರಲ್ಲೂ ಬಹಳಷ್ಟು ಮಂದಿ ಆ ಕಡೆ ಒಲಿದರು. ಅದು ಅವರವರ ಭಕ್ತಿ, ಅದನ್ನು ಆಕ್ಷೇಪಿಸಲು ನಾವು ಯಾರು? ನನ್ನ ಗಮನ ಸೆಳೆದದ್ದು ಬೇರೊಂದು ಸಂಗತಿ. ವೆಸ್ಟಾ ಗುಡಿಯ ಖರ್ಚು ನಡೆಯುತ್ತಿದ್ದುದು ಸರಕಾರದ ಬೊಕ್ಕಸದಿಂದ. ಕ್ರಿ.ಶ. 382ರಲ್ಲಿ ಗ್ರೇಷಿಯನ್ ಚಕ್ರವರ್ತಿ ಆ ಹಣ ನಿಲ್ಲಿಸಿದ. 384ರಲ್ಲಿ ಸಿಮಾಕಸ್ ಎಂಬ ನಗರಾಧಿಕಾರಿ ಅದನ್ನು ಪುನಃ ಕೊಡಬೇಕೆಂದು ಅರ್ಜಿ ಬರೆದ, ಫಲ ಸಿಗಲಿಲ್ಲ. 391 ಮತ್ತು 392ರಲ್ಲಿ ಥಿಯೋಡೋಸಿಯಸ್ ಚಕ್ರವರ್ತಿಯ ಶಾಸನಗಳು ಬಂದವು. ಗುಡಿಯ ಪೂಜೆ ಮಾತ್ರವಲ್ಲ, ಮನೆಯೊಳಗೆ ಲಾರೆಸ್, ಪೆನಾಟೆಸ್ ದೇವರಿಗೆ ದೀಪ, ಧೂಪ ಇಡುವುದಕ್ಕೂ ನಿಷೇಧವಾಯಿತು. 394ರ ಸುಮಾರಿಗೆ ವೆಸ್ಟಾಳ ಬೆಂಕಿ ಆರಿತು. ಬೊಕ್ಕಸದ ಹಣ ನಿಂತು ಬರೇ ಹನ್ನೆರಡು ವರ್ಷ!

ಇಂದು ರೋಮಿಗೆ ಹೋದವರು ಸ್ಯಾಟರ್ನ್ ಗುಡಿಯ ಎಂಟು ಕಂಬಗಳನ್ನು ನೋಡುತ್ತಾರೆ, ಮೇಲೆ ಮಾಡಿಲ್ಲ. ಜೂಪಿಟರನ ಮಹಾದೇವಾಲಯದ ತಳಪಾಯದ ಕಲ್ಲುಗಳಷ್ಟೇ ಉಳಿದಿವೆ. ಆದರೆ ಸಕಲ ದೇವರ ಗುಡಿಯೆನಿಸಿದ ಪ್ಯಾಂಥಿಯನ್ ಇಂದಿಗೂ ಇಡಿಯಾಗಿ ನಿಂತಿದೆ. ಯಾಕೆ? ಕ್ರಿ.ಶ. 609ರಲ್ಲಿ ಅದು ಇಗರ್ಜಿಯಾಯಿತು. ದೇವರು ಬೇರೆಯಾದರೂ ಪ್ರಾರ್ಥನೆ ಮುಂದುವರಿಯಿತು. ಜನ ಬಂದರು, ಗುಡಿಸಿದರು, ಸೋರಿದಲ್ಲಿ ದುರಸ್ತಿ ಮಾಡಿದರು. ಆದ್ದರಿಂದ ಕಟ್ಟಡ ಉಳಿಯಿತು.

ಮಹನೀಯರೇ, ನಾನು ಹೇಳಬೇಕೆಂದಿರುವುದು ಇಷ್ಟೇ. ಕಲ್ಲು ಪೂಜೆಯನ್ನು ಉಳಿಸುವುದಿಲ್ಲ, ಪೂಜೆ ಕಲ್ಲನ್ನು ಉಳಿಸುತ್ತದೆ. ಬ್ರಹ್ಮಕಲಶದ ಈ ದಿನಗಳಲ್ಲಿ ಸಾವಿರಾರು ಮಂದಿ ಸೇರಿದ್ದೀರಿ. ಧನ, ಧಾನ್ಯ, ಶ್ರಮ ಎಲ್ಲವನ್ನೂ ಕೊಟ್ಟಿದ್ದೀರಿ. ಆದರೆ ಮೊಕ್ತೇಸರನಾಗಿ ನನ್ನ ಚಿಂತೆ ಈ ದಿನಗಳದ್ದಲ್ಲ. ಆಟಿ ತಿಂಗಳ ಜಡಿಮಳೆಯ ರಾತ್ರಿಯ ಪೂಜೆಗೆ ನಡೆಯಲ್ಲಿ ಎಷ್ಟು ಮಂದಿ ನಿಂತಿರುತ್ತಾರೆ ಎಂಬುದೇ ನನ್ನ ಚಿಂತೆ. ಅರ್ಚಕರು, ವಾದ್ಯದವರು, ಕಚೇರಿಯ ಒಬ್ಬ ಗುಮಾಸ್ತ. ಕೆಲವು ದಿನ ಅಷ್ಟೇ. ನಮ್ಮ ಮಕ್ಕಳು ಬೆಂಗಳೂರು, ಮುಂಬಯಿ, ಗಲ್ಫ್ ಎಂದು ದುಡಿಯಲು ಹೋಗಿದ್ದಾರೆ. ಅಲ್ಲಿಂದ ಅವರು ಕಳುಹಿಸಿದ ಹಣದಿಂದಲೇ ಮಾಡಿಗೆ ತಾಮ್ರದ ಹೊದಿಕೆಯಾಯಿತು, ಅವರಿಗೆ ದೇವರು ಒಳ್ಳೆಯದು ಮಾಡಲಿ. ಆದರೆ ದೀಪಕ್ಕೆ ಎಣ್ಣೆ ಹೊಯ್ಯುವ ಕೈ ಮನಿಯಾರ್ಡರಿನಲ್ಲಿ ಬರುವುದಿಲ್ಲ.

ಆದ್ದರಿಂದ ನನ್ನದೊಂದು ವಿನಂತಿ. ವರ್ಷಕ್ಕೆ 365 ದಿನ. ಗ್ರಾಮದ ಒಂದೊಂದು ಮನೆಯವರು ಒಂದೊಂದು ದಿನದ ನಿತ್ಯಪೂಜೆಯನ್ನು ವಹಿಸಿಕೊಳ್ಳಿ. ಕಾಣಿಕೆ ನಿಮ್ಮ ಶಕ್ತ್ಯಾನುಸಾರ. ಆದರೆ ಆ ದಿನ ಮಾತ್ರ ಮನೆಮಂದಿಯೆಲ್ಲ ಬಂದು ನಿಲ್ಲಬೇಕು, ಮಕ್ಕಳನ್ನೂ ಕರೆತರಬೇಕು. ಹೂ ಕಟ್ಟುವುದು, ದೀಪದ ಬತ್ತಿ ಹೊಸೆಯುವುದು, ಅಂಗಣ ಗುಡಿಸುವುದು ಅವರ ಕೈಗೆ ಅಭ್ಯಾಸವಾಗಬೇಕು. ಹೆಸರು ಬರೆಸಲು ಕಚೇರಿಯಲ್ಲಿ ಪುಸ್ತಕ ಇಟ್ಟಿದ್ದೇವೆ.

ನಮ್ಮ ಈ ಕ್ಷೇತ್ರದ ನಂದಾದೀಪ ನಮ್ಮ ಕಾಲದಲ್ಲೂ ನಮ್ಮ ಮಕ್ಕಳ ಕಾಲದಲ್ಲೂ ಆರದೆ ಬೆಳಗುತ್ತಿರಲಿ, ಶ್ರೀ ದೇವರು ಗ್ರಾಮಕ್ಕೂ ಊರ ಪರವೂರ ಸಮಸ್ತ ಭಕ್ತರಿಗೂ ಸನ್ಮಂಗಲವನ್ನುಂಟುಮಾಡಲಿ ಎಂದು ಪ್ರಾರ್ಥಿಸುತ್ತೇನೆ.