ಪುಟ್ಟಿಗೂ ಜಾಗ ಬೇಕು, ನಡೆಯುವ ಕಾಲಿಗೂ ಜಾಗ ಬೇಕು
(ಬೀದಿ ವ್ಯಾಪಾರಿಗಳ ಮಾಹಿತಿ ಸಭೆಯಲ್ಲಿ ಮಾಡಿದ ಭಾಷಣ)



ರಾಯಚೂರು, ದೇವದುರ್ಗ, ಮಾನ್ವಿಯಿಂದ ನೀವು ಬಂದಿದ್ದೀರಿ. ನಿಮ್ಮಲ್ಲಿ ಕಾಯಿಪಲ್ಲೆ, ಹಣ್ಣು, ಹೂವು, ಮಿರ್ಚಿ ಭಜಿ ಮಾರುವವರೇ ಬಹಳ ಜನ. ಆದ್ದರಿಂದ ಮೊದಲು ಕಹಿ ಮಾತು ಹೇಳಿಬಿಡ್ತೀನಿ, ಬೇಸರ ಮಾಡ್ಕೋಬೇಡ್ರಿ.

ಸಂಜೆ ಹೊತ್ತು ತೀನ್ ಕಂದೀಲ್ ಕಡೆ ನಡೆದು ನೋಡ್ರಿ. ಫುಟ್‌ಪಾತಿನ ಮೇಲೆ ತಳ್ಳುಬಂಡಿ, ಅದರ ಪಕ್ಕ ಅಂಗಡಿಯವರ ಸಾಮಾನು, ಮುಂದೆ ಬೈಕುಗಳ ಸಾಲು. ನಡೆಯುವವರು ರಸ್ತೆಗೇ ಇಳಿಯಬೇಕು. 2022ರಲ್ಲಿ ನಮ್ಮ ದೇಶದಲ್ಲಿ ರಸ್ತೆ ಅಪಘಾತಗಳಲ್ಲಿ ಸತ್ತ ಪಾದಚಾರಿಗಳೇ 32 ಸಾವಿರಕ್ಕಿಂತ ಹೆಚ್ಚು. ನಡೆದು ಹೋಗುವವರು ಯಾರು? ನಮ್ಮ ಮಕ್ಕಳು, ನಮ್ಮ ವಯಸ್ಸಾದವರು, ನಿಮ್ಮ ಗಿರಾಕಿಗಳು. ಕುರುಡರ ದಾರಿಯಲ್ಲಿ ಎಡವುವಂಥದ್ದನ್ನು ಇಡಬಾರದೆಂದು ಯಾಜಕಕಾಂಡದಲ್ಲಿ ದೇವರ ಆಜ್ಞೆ ಇದೆ. ಅದು ಟೊಮೆಟೊ ಪುಟ್ಟಿಗೂ ಅನ್ವಯಿಸುತ್ತದೆ, ಅಂಗಡಿಯವರ ಬೋರ್ಡಿಗೂ ಅನ್ವಯಿಸುತ್ತದೆ. (ಆದರೆ ತೆರವು ಮಾಡುವ ದಿನ ಪುಟ್ಟಿ ಹೋಗ್ತದೆ, ಬೈಕು ಅಲ್ಲೇ ಇರ್ತದೆ. ಇದು ನ್ಯಾಯವಲ್ಲ.)

ಇನ್ನು ನಿಮ್ಮ ಹಕ್ಕಿನ ಮಾತು. ಬಡವನ ಬೀಸುವ ಕಲ್ಲನ್ನು ಒತ್ತೆ ಇಟ್ಟುಕೊಳ್ಳಬಾರದು, ಅದು ಅವನ ಜೀವವನ್ನೇ ಒತ್ತೆ ಇಟ್ಟುಕೊಂಡಂತೆ ಎಂದು ಧರ್ಮೋಪದೇಶಕಾಂಡ ಹೇಳುತ್ತದೆ. ತಕ್ಕಡಿ, ಬಂಡಿ ಎತ್ತಿಕೊಂಡು ಹೋಗುವುದೂ ಅದೇ ಅಲ್ಲವೇ? ಬೀದಿ ಬದಿ ವ್ಯಾಪಾರವೂ ಸಂವಿಧಾನದಡಿ ಬರುವ ಉದ್ಯೋಗದ ಹಕ್ಕು, ಆದರೆ ಅದಕ್ಕೆ ನಿಯಮಗಳಿರಬಹುದು ಎಂದು ಸುಪ್ರೀಂ ಕೋರ್ಟ್ 1989ರಲ್ಲೇ ಹೇಳಿತು. ಅದೇ ಕೋರ್ಟ್ 2025ರಲ್ಲಿ ಪಾದಚಾರಿಗಳಿಗೆ ಸರಿಯಾದ ಫುಟ್‌ಪಾತ್ ಇರುವುದು ಜೀವಿಸುವ ಹಕ್ಕಿನ ಭಾಗ ಎಂದಿತು. ಎರಡೂ ಹಕ್ಕೇ.

ಇವೆರಡನ್ನೂ ಕೂಡಿಸಲಿಕ್ಕೆ 2014ರ ಬೀದಿ ವ್ಯಾಪಾರಿಗಳ ಕಾಯ್ದೆ ಇದೆ. ಅದು ದೊಡ್ಡ ಶಹರಕ್ಕಷ್ಟೇ ಅಲ್ಲ, ದೇವದುರ್ಗ, ಮಾನ್ವಿಗೂ ಅನ್ವಯಿಸುತ್ತದೆ. ಸಮೀಕ್ಷೆ ಮುಗಿದು ಪ್ರಮಾಣಪತ್ರ ಕೊಡುವವರೆಗೆ ಯಾರನ್ನೂ ಎಬ್ಬಿಸುವಂತಿಲ್ಲ. ಬೇರೆ ಕಡೆ ಕಳಿಸಬೇಕಾದರೆ 30 ದಿನ ಮುಂಚೆ ನೋಟಿಸು ಕೊಡಬೇಕು. ಮಾಲು ಜಪ್ತಿ ಮಾಡಿದರೆ ಪಟ್ಟಿ ಬರೆದು ಕೊಡಬೇಕು; ಕೆಡುವಂಥ ಮಾಲನ್ನು, ನೀವು ಹೋಗಿ ಕೇಳಿದ ದಿನವೇ ಬಿಡಬೇಕು. ಸಮೀಕ್ಷೆಯಲ್ಲಿ ಗುರುತಿಸಿದ ಹಳೆಯ ಮಾರುಕಟ್ಟೆಯನ್ನು ವ್ಯಾಪಾರ ನಿಷೇಧ ವಲಯ ಎಂದು ಮಾಡಲಾಗದು.

ಜಾಗ ಎಲ್ಲಿ ಎಂಬ ತೀರ್ಮಾನಕ್ಕೆ ಪಟ್ಟಣ ವ್ಯಾಪಾರ ಸಮಿತಿಯ ಸಲಹೆ ಬೇಕು. ಅದರಲ್ಲಿ ಶೇ. 40ಕ್ಕೆ ಕಡಿಮೆಯಿಲ್ಲದಂತೆ ವ್ಯಾಪಾರಿಗಳೇ ಆಯ್ಕೆಯಾಗಿ ಬರಬೇಕು, ಅವರಲ್ಲಿ ಮೂರನೇ ಒಂದು ಭಾಗ ಹೆಣ್ಣುಮಕ್ಕಳು. ಆ ಕುರ್ಚಿ ಖಾಲಿ ಬಿಟ್ಟು ಲಾರಿ ಬಂದ ದಿನ ಅತ್ತರೆ ಏನು ಪ್ರಯೋಜನ? ನಡೆಯಲಿಕ್ಕೆ ಕನಿಷ್ಠ 1.8 ಮೀಟರು, ಅಂದರೆ ಸುಮಾರು 6 ಅಡಿ ಖಾಲಿ ಇರಬೇಕೆಂದು ಭಾರತೀಯ ರಸ್ತೆ ಕಾಂಗ್ರೆಸ್ಸಿನ ಮಾನದಂಡ ಇದೆ. ಅಷ್ಟು ಬಿಟ್ಟು ಪುಟ್ಟಿ ಇಡಲಿಕ್ಕೆ ಜಾಗವಿಲ್ಲದ ಕಡೆ ಪಕ್ಕದ ಓಣಿ ಕೇಳ್ರಿ, ಬೆಳಗಿನ ಹೊತ್ತು ಕೇಳ್ರಿ. ಗಿರಾಕಿ ಬಾರದ ಊರ ಹೊರಗಿನ ಮೈದಾನ ಕೊಟ್ಟರೆ ಸಮಿತಿಯಲ್ಲೇ ಬೇಡ ಅನ್ರಿ. ನಮ್ಮ ಬಿಸಿಲಿಗೆ ಕೊಡೆ ಬೇಕೇ ಬೇಕು, ಆದರೆ ಅದರ ಕಡ್ಡಿ ನಡೆಯುವವರ ಕಣ್ಣಿಗೆ ತಾಗದಷ್ಟು ಎತ್ತರ ಇರಲಿ.

ಇನ್ನೊಂದು ಮಾತು. 2020ರಲ್ಲಿ ಬಂದ ಸ್ವನಿಧಿ ಸಾಲ ಪಡೆದವರು ಅದನ್ನೇ ಜಾಗದ ಪರವಾನಗಿ ಅಂದುಕೊಂಡಿದ್ದರೆ ಅದು ತಪ್ಪು ತಿಳುವಳಿಕೆ. ಸಾಲ ಬೇರೆ, ವ್ಯಾಪಾರ ಪ್ರಮಾಣಪತ್ರ ಬೇರೆ. ಪ್ರಮಾಣಪತ್ರ ಇಲ್ಲದವರು ಸಭೆ ಮುಗಿದ ಮೇಲೆ ಉಳೀರಿ. ಅರ್ಜಿ ಇಲ್ಲೇ ಕೂತು ಬರೆಯೋಣ.