ಯೋಗ್ಯತೆಯ ಅಳತೆಗೋಲು

‘ಯೋಗ್ಯತೆ’ ಎಂಬ ಮಾತನ್ನು ನಾವು ದಿನಕ್ಕೆ ಹತ್ತು ಸಲ ಆಡುತ್ತೇವೆ. ‘ಅವನು ಯೋಗ್ಯ’, ‘ಅವಳಿಗೆ ಆ ಯೋಗ್ಯತೆ ಇಲ್ಲ’ ಎಂದು ಕೂತಲ್ಲೇ ತೀರ್ಪು ಕೊಟ್ಟುಬಿಡುತ್ತೇವೆ. ಈ ಶಬ್ದದ ಬುಡವನ್ನು ಕೆದಕಿ ನೋಡಿದರೆ ಒಂದು ಸ್ವಾರಸ್ಯ ಕಾಣುತ್ತದೆ. ಸಂಸ್ಕೃತದ ‘ಯುಜ್’ ಧಾತುವಿಗೆ ಕೂಡಿಸು, ಹೂಡು ಎಂದರ್ಥ. ಹೂಡಲು ತಕ್ಕದ್ದು ಯೋಗ್ಯ. ನೊಗಕ್ಕೆ ಹೂಡುವ ಎತ್ತಿಗೂ ಈ ಹೆಸರು ಸಲ್ಲುತ್ತಿತ್ತು. ಅಂದಮೇಲೆ ಬರಿಯ ಯೋಗ್ಯತೆ ಎಂಬುದೊಂದಿಲ್ಲ. ಯಾವ ಕೆಲಸಕ್ಕೆ ಯೋಗ್ಯ ಎಂಬ ಪ್ರಶ್ನೆ ಅದರ ಬೆನ್ನಿಗೇ ಇದೆ. ಜಾತ್ರೆಯಲ್ಲಿ ಎತ್ತು ಕೊಳ್ಳುವಾಗ ಬಣ್ಣ, ಸುಳಿ ನೋಡುವವರೂ ಉಂಟು. ಆದರೆ ನೇಗಿಲನ್ನು ಎಳೆಯುವುದು ಬಣ್ಣವಲ್ಲ, ಹೆಗಲು.

ಮನುಷ್ಯರನ್ನು ಆರಿಸುವಾಗ ಈ ವಿವೇಕ ಎಷ್ಟೋ ಸಲ ತಪ್ಪಿಹೋಗಿದೆ. ಬಣ್ಣವನ್ನೂ ಹುಟ್ಟನ್ನೂ ಹೆಣ್ಣು ಗಂಡೆಂಬುದನ್ನೂ ಮೊದಲು ನೋಡಿ, ಬಂದ ತೀರ್ಮಾನಕ್ಕೆ ಅನಂತರ ಯೋಗ್ಯತೆ ಎಂಬ ಹೆಸರಿಟ್ಟದ್ದುಂಟು. ಇದಕ್ಕೆ ನಮ್ಮ ದೇಶದ ಚರಿತ್ರೆಯಿಂದಲೇ ಎರಡು ನಿದರ್ಶನಗಳನ್ನು ಹೇಳುತ್ತೇನೆ. ಎರಡೂ ಸರ್ಕಾರದ ದೊಡ್ಡ ಹುದ್ದೆಗಳ ಪರೀಕ್ಷೆಗೆ ಸಂಬಂಧಪಟ್ಟವು.

ಮೊದಲನೆಯದು ಇಂಡಿಯನ್ ಸಿವಿಲ್ ಸರ್ವಿಸ್ ಪರೀಕ್ಷೆ. ಅದಕ್ಕೆ ಮುಂಚೆ ಈಸ್ಟ್ ಇಂಡಿಯಾ ಕಂಪನಿಯ ನಿರ್ದೇಶಕರು ತಮ್ಮ ಬಂಧುಬಳಗದ ಹುಡುಗರನ್ನು ಹೆಸರಿಸಿ ಕಳುಹಿಸುತ್ತಿದ್ದರು. 1853ರ ಶಾಸನ ಈ ಪದ್ಧತಿಯನ್ನು ನಿಲ್ಲಿಸಿ ಸ್ಪರ್ಧೆಯ ಬಾಗಿಲನ್ನು ತೆರೆಯಿತು. 1855ರಲ್ಲಿ ಲಂಡನ್ನಿನಲ್ಲಿ ಮೊದಲ ಪರೀಕ್ಷೆ ನಡೆಯಿತು. ಶಿಫಾರಸಿಗಿಂತ ಪರೀಕ್ಷೆ ಮೇಲು. ಇದರಲ್ಲಿ ಎರಡು ಮಾತಿಲ್ಲ. ಬಣ್ಣ, ಜನ್ಮ, ಮತಗಳ ಕಾರಣದಿಂದ ಯಾವ ಭಾರತೀಯನನ್ನೂ ಹುದ್ದೆಗೆ ಅನರ್ಹನೆನ್ನಬಾರದೆಂದು 1833ರ ಶಾಸನವೇ ಸಾರಿತ್ತು. ಕಾಗದದ ಮೇಲೆ ಎಲ್ಲವೂ ಸರಿಯಾಗಿಯೇ ಇತ್ತು.

ಇನ್ನು ಅಳತೆಗೋಲನ್ನು ನೋಡೋಣ. ಪರೀಕ್ಷೆಯ ರೂಪರೇಖೆಯನ್ನು ಹಾಕಿದ ಮೆಕಾಲೆಯ ಸಮಿತಿ 1854ರಲ್ಲಿ ಅಂಕಗಳನ್ನು ಹೀಗೆ ಸೂಚಿಸಿತು: ಗ್ರೀಕ್ ಭಾಷೆಗೆ 750, ಲ್ಯಾಟಿನ್ನಿಗೆ 750, ಸಂಸ್ಕೃತಕ್ಕೆ 375, ಅರಬ್ಬೀ ಭಾಷೆಗೆ 375. ಆಳಬೇಕಾದುದು ಗ್ರೀಸ್ ದೇಶವನ್ನಲ್ಲ, ಹಿಂದೂಸ್ಥಾನವನ್ನು! ಇಲ್ಲಿನ ದೇಶಭಾಷೆಗಳನ್ನಂತೂ ಆಯ್ಕೆಯಾದ ಮೇಲೆ ಕಲಿತರೆ ಸಾಕಾಗಿತ್ತು. ಧಾರವಾಡದ ರೈತನ ಕಂದಾಯದ ತಕರಾರನ್ನು ತೀರಿಸಬೇಕಾದವನಿಗೆ ಹೋಮರನ ಕಾವ್ಯ ಬರುತ್ತದೆಯೇ ಎಂಬುದು ಮುಖ್ಯವಾಯಿತು. ರೈತನ ಮಾತು ತಿಳಿಯುತ್ತದೆಯೇ ಎಂಬುದು ಆಮೇಲಿನ ಮಾತಾಯಿತು.

ಇಷ್ಟಿದ್ದರೂ 1863ರಲ್ಲಿ ಸತ್ಯೇಂದ್ರನಾಥ ಠಾಕೂರರು ತೇರ್ಗಡೆಯಾದರು. 1869ರಲ್ಲಿ ನಾಲ್ವರು ಭಾರತೀಯರು ಗೆದ್ದರು. ಅವರಲ್ಲೊಬ್ಬರಾದ ಸುರೇಂದ್ರನಾಥ ಬ್ಯಾನರ್ಜಿಯವರಿಗೆ ವಯಸ್ಸು ಮೀರಿದೆಯೆಂದು ಅಧಿಕಾರಿಗಳು ಅವರ ಹೆಸರನ್ನು ತೆಗೆದುಹಾಕಿದರು. ಮೆಟ್ರಿಕ್ಯುಲೇಷನ್ ದಾಖಲೆಯಲ್ಲಿ ಅವರ ವಯಸ್ಸು ಹದಿನಾರೆಂದಿತ್ತು. ನಮ್ಮಲ್ಲಿ ‘ಹುಡುಗನಿಗೆ ಹದಿನಾರು’ ಎಂದರೆ ಹದಿನಾರು ನಡೆಯುತ್ತಿದೆ ಎಂದರ್ಥವೆಂಬುದು ಯಾವ ಅಜ್ಜಿಯನ್ನು ಕೇಳಿದರೂ ತಿಳಿಯುತ್ತದೆ. ಲಂಡನ್ನಿನ ಅಧಿಕಾರಿಗಳು ಅದನ್ನು ಹದಿನಾರು ತುಂಬಿತೆಂದು ಎಣಿಸಿದರು. ಬುದ್ಧಿಯಲ್ಲಿ ಗೆದ್ದವನು ಪಂಚಾಂಗದ ಲೆಕ್ಕದಲ್ಲಿ ಸೋತ! ಅವರು ರಾಣಿಯ ನ್ಯಾಯಪೀಠದ ಮೊರೆಹೊಕ್ಕ ಮೇಲೆಯೇ ಹೆಸರು ಮತ್ತೆ ಪಟ್ಟಿಗೆ ಸೇರಿದ್ದು.

ಮುಂದೆ ಆದದ್ದು ಇನ್ನೂ ವಿಚಿತ್ರ. ಆರಂಭದಲ್ಲಿ 23 ಇದ್ದ ವಯಸ್ಸಿನ ಮಿತಿಯನ್ನು ಮೆಟ್ಟಿಲು ಮೆಟ್ಟಿಲಾಗಿ ಇಳಿಸಿ 1878ರ ವೇಳೆಗೆ 19ಕ್ಕೆ ತಂದರು. ನಿಯಮ ಎಲ್ಲರಿಗೂ ಒಂದೇ. ಆದರೆ ಪರರ ಭಾಷೆಯನ್ನು ಕಲಿತು, ಹಣ ಹೊಂದಿಸಿ, ಸಮುದ್ರ ದಾಟಿ, ಕಾಣದ ಊರಿನಲ್ಲಿ ಬರೆಯಬೇಕಾದ ಹುಡುಗನಿಗೂ ಮನೆಯ ಪಕ್ಕದಲ್ಲೇ ಪರೀಕ್ಷೆಯುಳ್ಳ ಹುಡುಗನಿಗೂ ಹತ್ತೊಂಬತ್ತೆಂಬುದು ಒಂದೇ ಹತ್ತೊಂಬತ್ತಲ್ಲ. ವಯಸ್ಸಿನ ಈ ಇಳಿತಾಯ ಶಾಸನದ ಮಾತನ್ನು ನಿಷ್ಫಲಗೊಳಿಸುವ ಉಪಾಯವೆಂಬುದನ್ನು ವೈಸರಾಯ್ ಲಿಟ್ಟನ್ನರೇ 1878ರ ಗೋಪ್ಯ ಬರಹವೊಂದರಲ್ಲಿ ಒಪ್ಪಿಕೊಂಡಿದ್ದರು. ಇದನ್ನು ವಿರೋಧಿಸಿ ಸುರೇಂದ್ರನಾಥರು 1877ರಲ್ಲೇ ಊರೂರು ತಿರುಗಿ ಭಾಷಣ ಮಾಡಿದ್ದರು. ಮುಂದೆ ಮಿತಿ ಏರಿತು. ಆದರೆ ಪರೀಕ್ಷೆ ಭಾರತದ ನೆಲಕ್ಕೆ ಬಂದದ್ದು 1922ರಲ್ಲಿ, ಅಲಹಾಬಾದಿನಲ್ಲಿ. ಲಂಡನ್ನಿನಲ್ಲಿ ಮೊದಲ ಪರೀಕ್ಷೆ ನಡೆದಂದಿನಿಂದ ಅರುವತ್ತೇಳು ವರ್ಷಗಳ ಮೇಲೆ!

ಇದು ಪರಕೀಯರ ಕಥೆ. ಕೇಳುವಾಗ ನಮಗೆ ಸಿಟ್ಟು ಬರುವುದು ಸಹಜ. ಆದರೆ ಎರಡನೆಯ ನಿದರ್ಶನ ನಮ್ಮದೇ. ಅಧಿಕಾರ ನಮ್ಮ ಕೈಗೆ ಬಂದಾಗ ಅಳತೆಗೋಲೂ ನಮ್ಮ ಕೈಗೆ ಬಂತು. ನಾವೇನು ಮಾಡಿದೆವು?

1924ರಲ್ಲಿ ಕೊಡಗಿನ ವಿರಾಜಪೇಟೆಯಲ್ಲಿ ಹುಟ್ಟಿದ ಸಿ. ಬಿ. ಮುತ್ತಮ್ಮನವರು ಬಾಲ್ಯದಲ್ಲೇ ತಂದೆಯನ್ನು ಕಳೆದುಕೊಂಡವರು. ಮಡಿಕೇರಿಯಲ್ಲಿಯೂ ಮದರಾಸಿನಲ್ಲಿಯೂ ಓದಿ, ಪರೀಕ್ಷೆಯಲ್ಲಿ ಗೆದ್ದು, 1949ರಲ್ಲಿ ಭಾರತದ ವಿದೇಶಾಂಗ ಸೇವೆಗೆ ಸೇರಿದ ಮೊದಲ ಮಹಿಳೆ. ಆಯ್ಕೆಮಂಡಲಿಯ ಅಧ್ಯಕ್ಷರು ಈ ಸೇವೆ ಬೇಡವೆಂದು ತಮ್ಮ ಮನವೊಲಿಸಲು ನೋಡಿದರೆಂದೂ, ತಮ್ಮ ಪ್ರಭಾವದಿಂದಲೇ ಮೌಖಿಕ ಪರೀಕ್ಷೆಯಲ್ಲಿ ಅತಿ ಕಡಿಮೆ ಅಂಕ ಕೊಡಿಸಿದೆನೆಂದು ಆಮೇಲೆ ಅವರೇ ತಿಳಿಸಿದರೆಂದೂ ಮುತ್ತಮ್ಮನವರು ತಮ್ಮ ನ್ಯಾಯಾಲಯದ ಅರ್ಜಿಯಲ್ಲಿ ಹೇಳಿದ್ದಾರೆ. ಮದುವೆಯಾದರೆ ರಾಜೀನಾಮೆ ಕೊಡುತ್ತೇನೆಂದು ಸೇರುವಾಗಲೇ ಅವರು ಬರೆದುಕೊಡಬೇಕಾಯಿತು.

ಸ್ತ್ರೀಪುರುಷ ಭೇದವಿಲ್ಲದೆ ಎಲ್ಲರಿಗೂ ಸಮಾನ ಅವಕಾಶವೆಂದು ನಮ್ಮ ಸಂವಿಧಾನ 1950ರಲ್ಲಿ ಸಾರಿತು. ಹನ್ನೊಂದು ವರ್ಷಗಳ ಮೇಲೆ, 1961ರಲ್ಲಿ, ವಿದೇಶಾಂಗ ಸೇವೆಯ ನಿಯಮಗಳು ಹೊರಟವು. ಮದುವೆಯಾದ ಹೆಂಗಸಿಗೆ ನೇಮಕ ಪಡೆಯುವುದು ಹಕ್ಕಲ್ಲ ಎಂದು ಒಂದು ನಿಯಮ. ಸೇವೆಯಲ್ಲಿರುವ ಹೆಂಗಸು ಮದುವೆಯಾಗಬೇಕಾದರೆ ಸರ್ಕಾರದ ಲಿಖಿತ ಅನುಮತಿ ಬೇಕು, ಸಂಸಾರದಿಂದ ಕೆಲಸಕ್ಕೆ ಅಡ್ಡಿಯೆಂದು ತೋರಿದರೆ ರಾಜೀನಾಮೆ ಕೇಳಬಹುದು ಎಂದು ಇನ್ನೊಂದು. ಗಂಡಸರಿಗೆ ಈ ಕಟ್ಟು ಇರಲಿಲ್ಲ. ಅವರಿಗೆ ಸಂಸಾರವೇ ಇಲ್ಲವೇನೋ ಎಂಬಂತೆ!

ಮುತ್ತಮ್ಮನವರು 1970ರಲ್ಲಿ ಹಂಗೆರಿಗೆ ರಾಯಭಾರಿಯಾದರು. ಆದರೂ ಮೇಲಿನ ದರ್ಜೆಯ ಬಡ್ತಿಯ ವೇಳೆಗೆ, ಯೋಗ್ಯತೆ ಸಾಲದೆಂಬ ಕಾರಣವೇ ಅಡ್ಡ ಬಂತು. ಅವರು ಸುಪ್ರೀಂ ಕೋರ್ಟಿಗೆ ಹೋದರು. ಅರ್ಜಿ ಹಾಕಿದ ಮೇಲೆ, ವಿಚಾರಣೆ ಮುಗಿಯುವುದರೊಳಗೆ, ಆ ಬಡ್ತಿ ಅವರಿಗೆ ದೊರೆಯಿತು. ನಿನ್ನೆ ಇಲ್ಲದ ಯೋಗ್ಯತೆ ಇಂದು ಎಲ್ಲಿಂದ ಬಂತು? 1979ರ ಸೆಪ್ಟೆಂಬರಿನಲ್ಲಿ ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್ ಅವರು, ಬಡ್ತಿ ಸಿಕ್ಕಿದ್ದರಿಂದ ಅರ್ಜಿಯನ್ನು ಮುಗಿಸಿದರೂ, ನಿಯಮಗಳನ್ನು ಕಟುವಾಗಿ ಖಂಡಿಸಿದರು. ಸಂಸಾರ ಹೆಣ್ಣಿನ ಕೆಲಸಕ್ಕೆ ಅಡ್ಡಿಯಾಗುವುದಾದರೆ ಗಂಡಿನ ಕೆಲಸಕ್ಕೂ ಆಗಬಹುದಲ್ಲವೇ ಎಂಬುದು ಅವರ ವಾದದ ತಿರುಳು. ಒಂದು ನಿಯಮ ಅಷ್ಟರಲ್ಲಿ ರದ್ದಾಗಿತ್ತು. ಇನ್ನೊಂದು ರದ್ದಾಗುವ ಹಾದಿಯಲ್ಲಿತ್ತು. ಸೇವೆಯ ಉಳಿದ ನಿಯಮಗಳಲ್ಲಿಯೂ ಇಂಥ ಕಲೆಗಳಿದ್ದರೆ ತೊಳೆಯಬೇಕೆಂದು ನ್ಯಾಯಾಲಯ ಸೂಚಿಸಿತು.

ಹಾಗಾದರೆ ಪರೀಕ್ಷೆ, ಅಂಕ, ಯೋಗ್ಯತೆ ಇವೆಲ್ಲ ಬರಿಯ ಬೂಟಾಟಿಕೆಯೇ? ಅಲ್ಲ. ರೋಗಿಗೆ ಬಲ್ಲ ವೈದ್ಯ ಬೇಕು, ಸೇತುವೆಗೆ ಬಲ್ಲ ಇಂಜಿನಿಯರು ಬೇಕು. ಸುರೇಂದ್ರನಾಥರಾಗಲಿ ಮುತ್ತಮ್ಮನವರಾಗಲಿ ‘ನಮ್ಮನ್ನು ಅಳೆಯಬೇಡಿ’ ಎಂದು ಬೇಡಲಿಲ್ಲ. ‘ನೆಟ್ಟಗೆ ಅಳೆಯಿರಿ’ ಎಂದು ಕೇಳಿದರು. ಕೊಳಗ ಸರಿಯಿಲ್ಲವೆಂದು ಯಾರೂ ಭತ್ತ ಅಳೆಯುವುದನ್ನೇ ಬಿಡುವುದಿಲ್ಲ, ಕೊಳಗವನ್ನು ಸರಿಪಡಿಸುತ್ತಾರೆ. ಅಳೆಯುವವನು ತಾನೇ ಕೊಳಗವನ್ನು ಮಾಡಿಕೊಂಡಿದ್ದರೆ, ಅದರ ತಳವನ್ನು ಒಮ್ಮೆ ತಿರುವಿ ನೋಡುವ ಹಕ್ಕು ಕೊಳ್ಳುವವನಿಗೆ ಇರಬೇಕು. ಅಳತೆಗೆ ಬಂದವರೆಲ್ಲರೂ ಅಲ್ಲಿಗೆ ಎಷ್ಟು ದೂರದಿಂದ, ಎಷ್ಟು ಹೊರೆ ಹೊತ್ತು ಬಂದರೆಂಬುದನ್ನು ಅಳೆಯುವವನು ಅರಿತಿರಬೇಕು.

ಕೊನೆಯದಾಗಿ ಒಂದು ಮಾತು. ಇಂಥ ಆಯ್ಕೆಮಂಡಲಿಗಳು ಲಂಡನ್ನಿನಲ್ಲಿ, ದೆಹಲಿಯಲ್ಲಿ ಮಾತ್ರ ಇರುವುದಿಲ್ಲ. ಮನೆಮನೆಯಲ್ಲೂ ಒಂದೊಂದು ಉಂಟು. ಅಣ್ಣನೂ ತಂಗಿಯೂ ಒಂದೇ ಶಾಲೆಯಲ್ಲಿ ಓದುತ್ತಾರೆ. ಸಂಜೆ ಅಣ್ಣ ಪುಸ್ತಕ ಹಿಡಿದು ಕೂರುತ್ತಾನೆ. ತಂಗಿ ಪಾತ್ರೆ ತೊಳೆದು, ನೀರು ತುಂಬಿ, ತಮ್ಮನನ್ನು ಮಲಗಿಸಿ, ಎಲ್ಲರೂ ಮಲಗಿದ ಮೇಲೆ ಪುಸ್ತಕ ಬಿಚ್ಚುತ್ತಾಳೆ. ಫಲಿತಾಂಶ ಬಂದ ದಿನ ‘ಅವನಿಗೆ ಐದು ಅಂಕ ಹೆಚ್ಚು, ಅವನನ್ನೇ ಪಟ್ಟಣದ ಕಾಲೇಜಿಗೆ ಕಳುಹಿಸೋಣ’ ಎನ್ನುತ್ತೇವೆ. ಆ ಐದು ಅಂಕ ಯಾರ ದುಡಿಮೆಯಿಂದ ಬಂದವೆಂದು ಕೇಳುವುದಿಲ್ಲ. ಈ ಸಲ ಕೇಳೋಣ. ಮುಂದಿನ ಪರೀಕ್ಷೆಯ ಹಿಂದಿನ ರಾತ್ರಿ ಪಾತ್ರೆಗಳನ್ನು ಅಣ್ಣನೂ ಒಂದಿಷ್ಟು ತೊಳೆಯಲಿ.